ಹಾಡು ಮುಗಿದ ಮೇಲಿನ ಕೆಲಸ

2015ರಲ್ಲಿ ತೆರೆಕಂಡ ‘ರಂಗಿತರಂಗ’ದ ಹಾಡುಗಳಿಗೆ ರಾಗ ಹಾಕಿದವರು ನಿರ್ದೇಶಕ ಅನೂಪ್ ಭಂಡಾರಿಯವರೇ. ಆದರೆ ಆ ಚಿತ್ರದ ಕಮರೊಟ್ಟು ಊರಿನ ಕತ್ತಲಲ್ಲಿ ಎದೆ ಡವಗುಟ್ಟುವಂತೆ ಮಾಡಿದ ಸಂಗೀತ ಅವರದಲ್ಲ, ಬಿ. ಅಜನೀಶ್ ಲೋಕನಾಥ್ ಅವರದು. ಟೈಟಲ್ ಕಾರ್ಡಿನಲ್ಲಿ ಎರಡೂ ಹೆಸರು ಬೇರೆ ಬೇರೆಯಾಗಿಯೇ ಬರುತ್ತವೆ, ನಾವು ಓದುವುದಿಲ್ಲ ಅಷ್ಟೆ. ಸಂಗೀತ ನಿರ್ದೇಶಕ ಎಂದರೆ ಹಾಡು ಮಾಡುವವನು ಎಂಬುದು ನಮ್ಮಲ್ಲಿ ಬೇರೂರಿದ ತಿಳಿವಳಿಕೆ. ಎರಡೂವರೆ ಗಂಟೆಯ ಚಿತ್ರದಲ್ಲಿ ನಾಲ್ಕು ನಿಮಿಷದ ಐದು ಹಾಡು ಇದ್ದವೆನ್ನಿ, ಒಟ್ಟು ಇಪ್ಪತ್ತು ನಿಮಿಷವಾಯಿತು. ಉಳಿದ ಎರಡು ಗಂಟೆಯಲ್ಲಿ ಎಲ್ಲಿ ಸಂಗೀತ ಇರಬೇಕು, ಎಲ್ಲಿ ಬಾಯಿ ಮುಚ್ಚಿಕೊಂಡಿರಬೇಕು ಎಂದು ಯಾರೋ ಕೂತು ತೀರ್ಮಾನ ಮಾಡಿರುತ್ತಾರೆ. ಆ ಕೆಲಸಕ್ಕೆ ಗಾಂಧಿನಗರದಲ್ಲಿ ರೀರೆಕಾರ್ಡಿಂಗ್ ಅನ್ನುತ್ತಾರೆ, ಇನ್ನೂ ಚುಟುಕಾಗಿ ಆರ್.ಆರ್. ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಯವರು ಕೂಡ 2009ರ ಸಾಲಿನ ಚಿತ್ರಗಳಿಂದ ಹಾಡಿಗೂ ಹಿನ್ನೆಲೆ ಸಂಗೀತಕ್ಕೂ ಬೇರೆ ಬೇರೆ ಪ್ರಶಸ್ತಿ ಕೊಡುವುದನ್ನು ವಾಡಿಕೆ ಮಾಡಿಕೊಂಡರು.

ಸಂಗೀತ ನಿರ್ದೇಶಕನಾಗಬೇಕೆಂದು ಹೊರಡುವ ಹುಡುಗ ಹುಡುಗಿಯರು ಮೊದಲು ಅರಿತುಕೊಳ್ಳಬೇಕಾದದ್ದು ಇದನ್ನೇ ಎಂದು ನನಗನ್ನಿಸುತ್ತದೆ. ಹಾಡಿನಿಂದ ಹೆಸರು ಬರಬಹುದು. ಹತ್ತು ಹದಿನೈದು ವರ್ಷ ಅದೇ ವೃತ್ತಿಯಲ್ಲಿ ನಿಲ್ಲಬೇಕಾದರೆ ಆರ್.ಆರ್. ಬರಬೇಕು, ಜತೆಗೆ ಕರಾರುಪತ್ರ ಓದಲೂ ಬರಬೇಕು. ಇವೆರಡನ್ನೂ ನಮ್ಮ ಸಂಗೀತ ಶಾಲೆಗಳಲ್ಲಿ ಕಲಿಸುವುದು ಅಪರೂಪ.

ಹಾಡಿನ ಕೆಲಸ ಚಿತ್ರೀಕರಣಕ್ಕೆ ಮುಂಚೆಯೇ ನಡೆದುಬಿಡುತ್ತದೆ. ನಿರ್ದೇಶಕರು ಸನ್ನಿವೇಶ ಹೇಳುತ್ತಾರೆ, ಸಂಯೋಜಕರು ಹಾರ್ಮೋನಿಯಂ ಅಥವಾ ಕೀಬೋರ್ಡ್ ಮುಂದೆ ಕೂತು ನಾಲ್ಕಾರು ಟ್ಯೂನ್ ಕೇಳಿಸುತ್ತಾರೆ, ಒಂದು ಒಪ್ಪಿಗೆಯಾಗುತ್ತದೆ. ಅರ್ಥವಿಲ್ಲದ ಮಾತುಗಳನ್ನು ತುಂಬಿ ಹಾಡಿದ ಆ ಟ್ಯೂನು ಗೀತಕಾರರ ಫೋನಿಗೆ ಹೋಗುತ್ತದೆ. ಸಾಹಿತ್ಯ ಬಂದ ಮೇಲೆ ಒಬ್ಬರು ಟ್ರ್ಯಾಕ್ ಹಾಡುತ್ತಾರೆ, ದೊಡ್ಡ ಗಾಯಕರ ಡೇಟು ಸಿಕ್ಕಾಗ ಅವರ ದನಿ ಕೂರುತ್ತದೆ. ಚಿತ್ರೀಕರಣದಲ್ಲಿ ಆ ಹಾಡನ್ನೇ ಸ್ಪೀಕರಿನಲ್ಲಿ ಹಾಕಿ ನಟರು ತುಟಿ ಆಡಿಸುತ್ತಾರೆ. ಇಲ್ಲಿ ಸಂಗೀತ ಹೇಳಿದ ಹಾಗೆ ಚಿತ್ರ ಕೇಳುತ್ತದೆ. ಆರ್.ಆರ್.ನಲ್ಲಿ ಎಲ್ಲ ತಿರುವುಮುರುವು. ಚಿತ್ರ ಆಗಲೇ ಸಿದ್ಧವಾಗಿರುತ್ತದೆ, ಸಂಗೀತ ಅದರ ಹಿಂದೆ ಹೆಜ್ಜೆ ಹಾಕಬೇಕು. ಹಾಡನ್ನೂ ಹೀಗೆ ಹಿಂದಿನಿಂದ ಹೊಲಿದ ಒಂದು ಪ್ರಸಿದ್ಧ ಉದಾಹರಣೆಯುಂಟು: ಕಮಲ್ ಹಾಸನ್ ಅವರ ‘ಹೇ ರಾಮ್’. ಮೊದಲು ಅದರ ಸಂಗೀತ ನಿರ್ದೇಶಕರಾಗಿದ್ದ ಎಲ್. ಸುಬ್ರಮಣ್ಯಂ ಹೊರನಡೆಯುವ ಹೊತ್ತಿಗೆ ಅವರ ಹಾಡುಗಳ ಚಿತ್ರೀಕರಣ ಆಗಿಹೋಗಿತ್ತು. ಆಮೇಲೆ ಬಂದ ಇಳಯರಾಜ, ತೆರೆಯ ಮೇಲೆ ಆಗಲೇ ಆಡಿದ್ದ ತುಟಿಗಳಿಗೆ ಹೊಂದುವಂತೆ ಹೊಸ ಟ್ಯೂನ್ ಹಾಕಿಕೊಟ್ಟರು. ಇದು ಎಲ್ಲರ ಕೈಲಾಗುವ ಮಾತಲ್ಲ.

ಆರ್.ಆರ್. ಶುರುವಾಗುವುದು ಕೂತು ನೋಡುವುದರಿಂದ. ಎಡಿಟಿಂಗ್ ಮುಗಿದ ಚಿತ್ರವನ್ನು ಹದಿನೈದು ಇಪ್ಪತ್ತು ನಿಮಿಷದ ರೀಲುಗಳಾಗಿ ಭಾಗ ಮಾಡಿ ಕೊಡುತ್ತಾರೆ. ಫಿಲ್ಮ್ ಸುರುಳಿ ಹೋಗಿ ಎಷ್ಟೋ ವರ್ಷವಾದರೂ ರೀಲ್ ಎಂಬ ಮಾತು ಹೋಗಿಲ್ಲ. ನಿರ್ದೇಶಕರೂ ಸಂಯೋಜಕರೂ ಒಟ್ಟಿಗೆ ಕೂತು, ಇಲ್ಲಿ ಬಿಟ್ (ಸಂಗೀತದ ತುಣುಕು) ಬೇಕು, ಇಲ್ಲಿ ಬೇಡ, ಇಲ್ಲಿ ಬರೀ ಮಳೆ ಸದ್ದು ಸಾಕು ಎಂದು ಗುರುತು ಹಾಕಿಕೊಳ್ಳುತ್ತಾರೆ. ಬೇಡ ಎಂಬ ಗುರುತುಗಳು ಎಷ್ಟಿವೆ ಎನ್ನುವುದರಲ್ಲಿ ಇಬ್ಬರ ಧೈರ್ಯವೂ ಗೊತ್ತಾಗುತ್ತದೆ. ಬಿ.ವಿ. ಕಾರಂತರಿಗೆ ಸಂಗೀತ ನಿರ್ದೇಶನಕ್ಕೆ ರಾಷ್ಟ್ರಪ್ರಶಸ್ತಿ ಬಂದದ್ದು ‘ಋಷ್ಯಶೃಂಗ’ ಮತ್ತು ‘ಘಟಶ್ರಾದ್ಧ’ಗಳಿಗೆ, 1976 ಮತ್ತು 1977ರ ಸಾಲಿನಲ್ಲಿ. ‘ಘಟಶ್ರಾದ್ಧ’ವನ್ನು ಇಂದಿನ ಯಾವುದೇ ಆ್ಯಕ್ಷನ್ ಚಿತ್ರದ ಪಕ್ಕದಲ್ಲಿಟ್ಟು ಕೇಳಿ. ಎಷ್ಟು ಕಡಿಮೆ ನುಡಿಸಿ ಎಷ್ಟು ಹೇಳಬಹುದು ಎನ್ನುವುದಕ್ಕೆ ಅದಕ್ಕಿಂತ ಒಳ್ಳೆಯ ಪಾಠ ನನಗೆ ಗೊತ್ತಿಲ್ಲ. ಈಗ ಹೀರೊ ಕಾರಿನಿಂದ ಕಾಲು ಕೆಳಗಿಟ್ಟರೂ ಬಿಲ್ಡಪ್ ಬೇಕು, ಕನ್ನಡಕ ತೆಗೆದರೂ ಬೇಕು. ಬೇಡ ಎನ್ನುವ ಸಂಯೋಜಕನಿಗೆ ಮುಂದಿನ ಚಿತ್ರ ಸಿಗುವುದು ಕಷ್ಟ.

ಈ ಹಂತದಲ್ಲಿ ಒಂದು ಅಪಾಯವಿದೆ. ಎಡಿಟಿಂಗ್ ಮಾಡುವಾಗ ಬಣಬಣ ಅನ್ನಬಾರದೆಂದು ಎಡಿಟರು ಯಾವುದೋ ಹಾಲಿವುಡ್ ಚಿತ್ರದ ಅಥವಾ ಹಿಟ್ಟಾದ ಬೇರೆ ಚಿತ್ರದ ಸಂಗೀತವನ್ನು ತಾತ್ಕಾಲಿಕವಾಗಿ ಹಾಕಿರುತ್ತಾರೆ. ಅದನ್ನು ತಿಂಗಳುಗಟ್ಟಲೆ ಕೇಳಿ ನಿರ್ದೇಶಕರ ಕಿವಿ ಅದಕ್ಕೇ ಒಗ್ಗಿಹೋಗಿರುತ್ತದೆ. ‘ಇದೇ ಥರ ಬೇಕು, ಆದ್ರೆ ಇದೇ ಬೇಡ’ ಎಂಬ ಬೇಡಿಕೆ ಬರುತ್ತದೆ. ‘ಇದೇ ಥರ’ ಮತ್ತು ‘ಇದೇ’ ನಡುವಿನ ಗೆರೆ ದಾಟಿದರೆ ಮುಂದೆ ನೋಟಿಸು ಬರುವುದು ಸಂಯೋಜಕನ ಹೆಸರಿಗೆ. ಆ ಬಿಟ್ ಹಾಕಿದ ಎಡಿಟರಿಗಲ್ಲ, ಹಾಗೇ ಬೇಕೆಂದ ನಿರ್ದೇಶಕರಿಗೂ ಅಲ್ಲ. ಬಲ್ಲವರು ಮೊದಲ ದಿನವೇ ತಾತ್ಕಾಲಿಕ ಸಂಗೀತವಿಲ್ಲದ ಪ್ರತಿ ಕೇಳಿ ಪಡೆಯುತ್ತಾರೆ.

ಇನ್ನು ಲೆಕ್ಕ. ಹೊರಗಿನವರಿಗೆ ಇದು ಅಚ್ಚರಿ ಅನ್ನಿಸಬಹುದು, ಆರ್.ಆರ್.ನಲ್ಲಿ ರಾಗದಷ್ಟೇ ಗಣಿತವೂ ಇದೆ. ಒಂದು ದೃಶ್ಯ ಹೀಗಿದೆ ಎಂದುಕೊಳ್ಳಿ: ಹೆಂಗಸೊಬ್ಬಳು ಹಜಾರದಲ್ಲಿ ನಡೆದುಬರುತ್ತಾಳೆ, ಸರಿಯಾಗಿ 38ನೇ ಸೆಕೆಂಡಿಗೆ ಬಾಗಿಲು ತೆರೆದುಕೊಳ್ಳುತ್ತದೆ. ಬಾಗಿಲು ತೆರೆದಾಗ ಸಂಗೀತ ಸಮಕ್ಕೆ, ಅಂದರೆ ತಾಳದ ಮೊದಲ ಎಣಿಕೆಗೆ, ಬಂದು ಬೀಳಬೇಕು. ನಿಮಿಷಕ್ಕೆ 60 ಎಣಿಕೆಯ ನಡೆಯಲ್ಲಿ ನುಡಿಸಿದರೆ 38 ಸೆಕೆಂಡಿಗೆ 38 ಎಣಿಕೆ ಆಗುತ್ತದೆ. ಆವರ್ತಕ್ಕೆ ಎಂಟು ಎಣಿಕೆಯ ಆದಿತಾಳದಲ್ಲಿ ನಾಲ್ಕು ಆವರ್ತಕ್ಕೆ 32 ಮುಗಿದು, ಐದನೆಯದರಲ್ಲಿ ಆರು ಎಣಿಕೆ ಕಳೆದು, ತಾಳದ ನಡುವೆಯೇ ಬಾಗಿಲು ತೆರೆದುಬಿಡುತ್ತದೆ. ದಾರಿ ಎರಡಿವೆ. ಒಂದು, ನಡೆಯನ್ನು ಚೂರು ಬಿಗಿ ಮಾಡುವುದು. 38 ಸೆಕೆಂಡಿನಲ್ಲಿ 40 ಎಣಿಕೆ ಕೂರಬೇಕಾದರೆ ನಿಮಿಷಕ್ಕೆ 63.16 ಬೇಕು. ಆಗ ಐದು ಆವರ್ತ ಮುಗಿದು ಆರನೆಯದರ ಸಮಕ್ಕೆ ಬಾಗಿಲು ತೆರೆಯುತ್ತದೆ, ನಡೆ ಬದಲಾದದ್ದು ಕೇಳುವವರಿಗೆ ತಿಳಿಯುವುದೂ ಇಲ್ಲ. ಇನ್ನೊಂದು, ನಡೆಯನ್ನು ಹಾಗೇ ಬಿಟ್ಟು ಒಂದು ಆವರ್ತದಲ್ಲಿ ಎರಡು ಎಣಿಕೆ ನುಂಗುವುದು. ಎಂಟರ ಬದಲು ಆರು. ಆತಂಕದ ದೃಶ್ಯವಾದರೆ ಈ ಎರಡನೆಯದೇ ವಾಸಿ, ಏಕೆಂದರೆ ತಾಳ ತಪ್ಪಿದಂತಾಗಿ ಕೇಳುಗನಿಗೆ ಕಾರಣ ಗೊತ್ತಾಗದೆ ಕಸಿವಿಸಿಯಾಗುತ್ತದೆ. ಮೃದಂಗ ಕಲಿತವರಿಗೆ ಈ ಲೆಕ್ಕ ನೀರು ಕುಡಿದಷ್ಟು ಸುಲಭ. ನಮ್ಮ ಲಯಗಾರರು ಈ ಕ್ಷೇತ್ರಕ್ಕೆ ಯಾಕೆ ಹೆಚ್ಚು ಬರುವುದಿಲ್ಲವೋ!

ಸಿನಿಮಾದಲ್ಲಿ ಸೆಕೆಂಡಿಗೆ 24 ಫ್ರೇಮು, ನಮ್ಮ ಟಿ.ವಿ.ಯಲ್ಲಿ 25. ಎಲ್ಲವನ್ನೂ ಹೀಗೆ ಫ್ರೇಮು ಲೆಕ್ಕದಲ್ಲಿ ಕೂರಿಸಿದ ಮೇಲೆ ನಿರ್ದೇಶಕರು ‘ಒಂದು ಶಾಟ್ ಚಿಕ್ಕದು ಮಾಡಿದೀವಿ, ಬರೀ ಹನ್ನೆರಡು ಫ್ರೇಮ್’ ಎಂದರೆ ಅರ್ಧ ಸೆಕೆಂಡು ಹೋಯಿತು. ಅಲ್ಲಿಂದ ಮುಂದೆ ಆ ರೀಲಿನಲ್ಲಿರುವುದೆಲ್ಲ ಅಷ್ಟಷ್ಟೇ ಜಾರುತ್ತದೆ. ‘ಎಡಿಟಿಂಗ್ ಲಾಕ್ ಆಗಿದೆ’ ಎನ್ನುವುದು ಈ ಉದ್ಯಮದಲ್ಲಿ ಅತಿ ಹೆಚ್ಚು ಸಲ ಹೇಳಲಾಗುವ ಸುಳ್ಳು.

ಮಾತಿನ ದೃಶ್ಯಗಳಲ್ಲಿ ಕಷ್ಟ ಬೇರೆ ಬಗೆಯದು. ಕೊಳಲು, ಪಿಟೀಲು, ಶಹನಾಯಿ ಇವೆಲ್ಲ ಮನುಷ್ಯರ ದನಿ ಓಡಾಡುವ ಎತ್ತರದಲ್ಲೇ ಓಡಾಡುತ್ತವೆ. ತಾಯಿ ಮಗನಿಗೆ ಏನೋ ಹೇಳುತ್ತಿರುವಾಗ ಕೊಳಲು ನುಡಿಸಿದರೆ ಮಿಕ್ಸಿಂಗ್‌ನಲ್ಲಿ ಒಂದೋ ತಾಯಿ ಮಾತು ಮುಳುಗುತ್ತದೆ, ಇಲ್ಲವೇ ಕೊಳಲನ್ನು ಕೇಳಿಸದಷ್ಟು ಇಳಿಸುತ್ತಾರೆ. ಅನುಭವಿಗಳು ಮಾತಿನ ಕೆಳಗೆ ಚೆಲ್ಲೊದಂಥ ತಗ್ಗಿನ ದನಿಯನ್ನು ಉದ್ದಕ್ಕೆ ಹಿಡಿದು, ಮಾತು ನಿಂತ ಸಂದಿನಲ್ಲಿ ಕೊಳಲಿಗೆ ಎರಡು ಸ್ವರ ಬಿಡುತ್ತಾರೆ. ಸಂಭಾಷಣೆಯನ್ನು ಗಾಯಕರ ದನಿಯೆಂದು ಭಾವಿಸಿ ಪಕ್ಕವಾದ್ಯ ನುಡಿಸುವ ಬುದ್ಧಿ ಇದು. ಇಳಯರಾಜ ಈ ವಿದ್ಯೆಯ ಆಚಾರ್ಯರು. ತಮ್ಮ ಹೆಸರಿನಲ್ಲಿ ಚಿತ್ರ ಮಾಡುವ ಮೊದಲು ಅವರು ಜಿ.ಕೆ. ವೆಂಕಟೇಶ್ ಅವರ ಸಹಾಯಕರಾಗಿ ಅನೇಕ ಕನ್ನಡ ಚಿತ್ರಗಳಿಗೆ ದುಡಿದವರು. ಇಳಯರಾಜರೇ ಸಂಗೀತ ಕೊಟ್ಟ, ಶಂಕರ್‌ನಾಗ್ ಅವರ ‘ಗೀತಾ’ ಎಂದರೆ ಎಲ್ಲರೂ ಹಾಡು ನೆನೆಸಿಕೊಳ್ಳುತ್ತಾರೆ. ಒಮ್ಮೆ ಹಾಡು ಬಿಟ್ಟು ಉಳಿದದ್ದನ್ನು ಮಾತ್ರ ಕಿವಿಗೊಟ್ಟು ಕೇಳಿ ನೋಡಿ.

ಕೊನೆಗೆ ಸಂಗೀತವನ್ನು ಮಿಕ್ಸಿಂಗ್‌ಗೆ ಕೊಡುವಾಗ ಒಂದೇ ಮುದ್ದೆಯಾಗಿ ಕೊಡುವಂತಿಲ್ಲ. ತಾಳವಾದ್ಯ ಬೇರೆ, ತಂತಿವಾದ್ಯ ಬೇರೆ, ಗಾಯನ ಬೇರೆ ಎಂದು ಸ್ಟೆಮ್‌ಗಳಾಗಿ ಒಡೆದು ಕೊಡಬೇಕು. ಈಗ ಕನ್ನಡ ಚಿತ್ರಗಳೂ ನಾಲ್ಕೈದು ಭಾಷೆಗೆ ಡಬ್ ಆಗುವ ಕಾಲ. ಮಾತು ತೆಗೆದು ಸಂಗೀತ ಮತ್ತು ಸದ್ದುಗಳು ಮಾತ್ರ ಉಳಿದ ಟ್ರ್ಯಾಕ್ ಇಲ್ಲದಿದ್ದರೆ ತೆಲುಗಿನವರು ಏನು ಮಾಡಬೇಕು? ಹಿನ್ನೆಲೆಯಲ್ಲಿ ಕನ್ನಡ ಸಾಲು ಬರುವ ಕೋರಸ್ ಬಿಟ್ ಹಾಕಿದ್ದರೆ ಅದರ ಬೇರೆ ಭಾಷೆಯ ರೂಪವನ್ನೂ ಯೋಚಿಸಿಟ್ಟುಕೊಳ್ಳಬೇಕು.

ಧಾರಾವಾಹಿಯ ಲೋಕ ಬೇರೆಯೇ. ವಾರಕ್ಕೆ ಐದಾರು ಕಂತು, ಅರ್ಧ ಗಂಟೆಯ ಕಂತಿನಲ್ಲಿ ಜಾಹೀರಾತು ಕಳೆದು ಕಥೆ ಸುಮಾರು 22 ನಿಮಿಷ. ಬೆಳಗ್ಗೆ ಎಡಿಟ್ ಆಗಿ ಸಂಜೆ ಪ್ರಸಾರವಾಗುವ ದಿನಗಳೂ ಇರುತ್ತವೆ. ಪ್ರತಿ ದೃಶ್ಯಕ್ಕೆ ಹೊಸದಾಗಿ ಕೂತು ಸಂಯೋಜಿಸಲು ಯಾರಿಗೂ ಪುರಸೊತ್ತಿಲ್ಲ. ಹಾಗಾಗಿ ಸಂಯೋಜಕ ಶುರುವಿನಲ್ಲೇ ಟೈಟಲ್ ಸಾಂಗಿನ ಜತೆ ಸಂಗೀತದ ತುಣುಕುಗಳ ಒಂದು ಬ್ಯಾಂಕ್ ಮಾಡಿಕೊಡುತ್ತಾನೆ. ನಾಯಕಿಯ ಥೀಮ್ ಒಂದು, ಅದೇ ರಾಗ ಸಂತೋಷಕ್ಕೆ, ದುಃಖಕ್ಕೆ, ಅನುಮಾನಕ್ಕೆ, ದೇವರ ಮುಂದೆ ನಿಂತ ಹೊತ್ತಿಗೆ. ಅತ್ತೆಗೊಂದು, ಅತ್ತೆಯ ಜತೆ ಪಿತೂರಿ ಮಾಡುವವಳಿಗೊಂದು. ಮೂರು ಮುಖಗಳ ಮೇಲೆ ಕ್ಯಾಮೆರಾ ಮೂರು ಸಲ ಬಡಿದುಕೊಳ್ಳುವಾಗ ಹಾಕಲು ಹತ್ತಾರು ಬಗೆಯ ಹೊಡೆತಗಳು. ದಿನಾ ಕೂತು ಇದರಿಂದ ಆರಿಸಿ ಅಂಟಿಸುವವರು ಬೇರೊಬ್ಬರು. ಅವರಿಗೆ ನೆರವಾಗುವಂತೆ ಮಾಡಿದ ಬ್ಯಾಂಕ್ ವರ್ಷಗಟ್ಟಲೆ ಬಾಳುತ್ತದೆ. ಒಂದೇ ತುಣುಕು ಹತ್ತು ಸೆಕೆಂಡಿನದು, ಮೂವತ್ತು ಸೆಕೆಂಡಿನದು, ಕೊನೆಯಿಲ್ಲದೆ ಸುತ್ತುವಂಥದು ಎಂದು ಮೂರು ಅಳತೆಯಲ್ಲಿರಬೇಕು. ತಬಲಾ ಇರುವುದೊಂದು, ಇಲ್ಲದ್ದೊಂದು. ಫೈಲಿನ ಹೆಸರು ‘ಫೈನಲ್ 7’ ಎಂದಿರಬಾರದು, ‘ಅತ್ತೆ, ಕೋಪ, ನಿಧಾನ, ತಬಲಾ ಇಲ್ಲ’ ಎಂದಿರಬೇಕು. ನಗಬೇಡಿ. ರಾತ್ರಿ ಹತ್ತು ಗಂಟೆಗೆ ಚಾನೆಲ್‌ಗೆ ಕಂತು ಕಳಿಸಬೇಕಾದವನು ಮತ್ತೆ ನಿಮ್ಮನ್ನೇ ಕರೆಯುವುದು ಇಂಥ ಕಾರಣಕ್ಕೆ.

ಟಿ.ವಿ. ಸಂಗೀತವೆಂದರೆ ಎರಡನೆಯ ದರ್ಜೆ ಎನ್ನುವವರಿಗೆ ‘ಮಾಲ್ಗುಡಿ ಡೇಸ್’ ನೆನಪು ಮಾಡಿಕೊಟ್ಟರೆ ಸಾಕು. ಆಗುಂಬೆಯಲ್ಲಿ ಶಂಕರ್‌ನಾಗ್ ಚಿತ್ರೀಕರಿಸಿ ದೂರದರ್ಶನದಲ್ಲಿ ಬಂದ ಆ ಸರಣಿಯ ಟೈಟಲ್ ಸಂಗೀತ ಎಲ್. ವೈದ್ಯನಾಥನ್ ಅವರದು. ಕಥೆಗಳನ್ನು ಮರೆತವರೂ ಆ ಗುನುಗನ್ನು ಮರೆತಿಲ್ಲ. ಅರ್ಧ ನಿಮಿಷದಲ್ಲಿ ಒಂದು ಇಡೀ ಊರನ್ನು ತೋರಿಸುವ ಕೆಲಸ ಹಾಡು ಕಟ್ಟುವುದಕ್ಕಿಂತ ಸುಲಭವೇನಲ್ಲ.

ಒಳಗೆ ಬರುವ ಬಾಗಿಲು ಯಾವುದು? ನೇರವಾಗಿ ಸಂಗೀತ ನಿರ್ದೇಶಕರಾಗಿ ಬಂದವರು ಕಡಿಮೆ. ಇಳಯರಾಜ ಸಹಾಯಕರಾಗಿದ್ದರು, ರೆಹಮಾನ್ ಕೀಬೋರ್ಡ್ ನುಡಿಸುತ್ತ, ಜಾಹೀರಾತಿಗೆ ಜಿಂಗಲ್ ಮಾಡುತ್ತ ಇದ್ದು 1992ರ ‘ರೋಜಾ’ಕ್ಕೆ ಬಂದರು. ನಮ್ಮ ಸಾಧು ಕೋಕಿಲ ಅವರನ್ನು ಜನ ಹಾಸ್ಯನಟರೆಂದು ಗುರುತಿಸುತ್ತಾರೆ, ಕೀಬೋರ್ಡ್ ಮುಂದೆ ಅವರ ಬೆರಳಿನ ವೇಗ ಕಂಡವರು ಬೇರೆಯೇ ಮಾತಾಡುತ್ತಾರೆ. ಈಗಿನ ದಾರಿಯೂ ಹೆಚ್ಚುಕಮ್ಮಿ ಅದೇ: ಯಾರದೋ ಸ್ಟುಡಿಯೊದಲ್ಲಿ ಪ್ರೋಗ್ರಾಮಿಂಗ್ ಮಾಡುವುದು, ಕಿರುಚಿತ್ರಗಳಿಗೆ ಬಿಟ್ಟಿ ದುಡಿಯುವುದು, ಒಂದು ಧಾರಾವಾಹಿ ಸಿಗುವುದು, ಯಾರೋ ಡೇಟ್ ಇಲ್ಲವೆಂದು ಬಿಟ್ಟ ಆರ್.ಆರ್. ಕೈಗೆ ಬರುವುದು. ಬೆಂಗಳೂರಿನಲ್ಲೇ ಇರಬೇಕೆಂಬ ನಿಯಮವೂ ಸಡಿಲವಾಗಿದೆ. ಒಂದು ಕಾಲಕ್ಕೆ ಕನ್ನಡ ಚಿತ್ರದ ರೆಕಾರ್ಡಿಂಗ್ ಎಂದರೆ ಮದ್ರಾಸಿನ ರೈಲು ಹತ್ತಬೇಕಿತ್ತು. ಶಂಕರ್‌ನಾಗ್ ಬೆಂಗಳೂರಿನಲ್ಲಿ ಸಂಕೇತ್ ಸ್ಟುಡಿಯೊ ಕಟ್ಟಿದ್ದು ಆ ಅಲೆದಾಟ ತಪ್ಪಿಸಲೆಂದೇ. ಈಗ ‘ಕೆ.ಜಿ.ಎಫ್’ನ ರವಿ ಬಸ್ರೂರು ಕುಂದಾಪುರದ ಪಕ್ಕದ ತಮ್ಮೂರಿನಲ್ಲೇ ಸ್ಟುಡಿಯೊ ಮಾಡಿಕೊಂಡಿದ್ದಾರೆ. ಬೇರೆಯವರ ಹೆಸರಿನಲ್ಲಿ ದುಡಿಯುವ ದಿನಗಳಲ್ಲಿ ಒಂದು ಎಚ್ಚರ ಬೇಕು. ಹಣ ಕಡಿಮೆಯಾದರೂ ಚಿಂತೆಯಿಲ್ಲ, ಟೈಟಲ್ ಕಾರ್ಡಿನಲ್ಲಿ ‘ಹೆಚ್ಚುವರಿ ಪ್ರೋಗ್ರಾಮಿಂಗ್’ ಎಂದಾದರೂ ಹೆಸರು ಬರಲೆಂದು ಮೊದಲೇ ಕೇಳಿ ಬರೆಸಿಕೊಳ್ಳಿ. ನಾಳೆ ನಿಮ್ಮ ಕೆಲಸ ಎಂದು ತೋರಿಸಲು ಬೇರೆ ಸಾಕ್ಷಿ ಇರುವುದಿಲ್ಲ.

ದುಡ್ಡಿನ ವಿಚಾರ. ಕನ್ನಡದಲ್ಲಿ ಹೆಚ್ಚು ಬಳಕೆಯಲ್ಲಿರುವುದು ಪ್ಯಾಕೇಜ್. ನಿರ್ಮಾಪಕರು ಒಂದು ಮೊತ್ತ ಹೇಳುತ್ತಾರೆ, ಗಾಯಕರ ಸಂಭಾವನೆ, ವಾದ್ಯಗಾರರ ಕಾಲ್‌ಶೀಟ್, ಸ್ಟುಡಿಯೊ ಬಾಡಿಗೆ, ಪ್ರೋಗ್ರಾಮರ್, ಹಾಡಿನ ಮಿಕ್ಸಿಂಗ್ ಎಲ್ಲ ಅದರೊಳಗೇ. ಉಳಿದದ್ದು ಸಂಯೋಜಕನದು. ಲೆಕ್ಕ ಸುಲಭವಾಗಲೆಂದು ಹತ್ತು ಲಕ್ಷ ಎಂದಿಟ್ಟುಕೊಳ್ಳೋಣ. ಟಿ.ಡಿ.ಎಸ್. ಶೇ. 10 ಎಂದು ಒಂದು ಲಕ್ಷ ಮೊದಲೇ ಹಿಡಿದುಕೊಳ್ಳುತ್ತಾರೆ, ಅದೂ ಇಡೀ ಹತ್ತು ಲಕ್ಷದ ಮೇಲೆ. ಅದರಲ್ಲಿ ಏಳು ಲಕ್ಷ ಬೇರೆಯವರಿಗೆ ಹಂಚಿಹೋಗಿದ್ದರೆ ಕೈಗೆ ಎರಡೇ ಲಕ್ಷ ಉಳಿಯಿತು, ಮಿಕ್ಕಿದ್ದು ತೆರಿಗೆ ಇಲಾಖೆಯಿಂದ ವಾಪಸು ಬರುವವರೆಗೆ ಕಾಯಬೇಕು. ವಯಲಿನ್‌ನವರಿಗೆ ಕೈಗೆ ಕೊಟ್ಟ ನಗದಿಗೆ ರಸೀದಿ ಇಲ್ಲದಿದ್ದರೆ ವಾಪಸು ಕೇಳುವುದೂ ಕಷ್ಟ. ಇದರಿಂದಾಗಿಯೇ ಖರ್ಚು ಉಳಿಸಲು ನಿಜವಾದ ಪಿಟೀಲಿನ ಬದಲು ಕಂಪ್ಯೂಟರಿನ ಪಿಟೀಲು ಬರುತ್ತದೆ. ಪ್ಯಾಕೇಜ್ ಪದ್ಧತಿ ನಮ್ಮ ಚಿತ್ರಗಳ ದನಿಯನ್ನೇ ಬದಲಿಸಿದೆ ಎಂದು ಹೇಳಿದರೆ ಅತಿಯಾಗದು. ಸಾಧ್ಯವಾದರೆ ಸಂಭಾವನೆ ಬೇರೆ, ರೆಕಾರ್ಡಿಂಗ್ ಖರ್ಚು ನಿರ್ಮಾಪಕರದು ಎಂದು ಮಾತಾಡಿಕೊಳ್ಳುವುದು ಕ್ಷೇಮ.

ಹಣವನ್ನು ಕಂತುಗಳಾಗಿ ಕಟ್ಟಿಕೊಳ್ಳಬೇಕು: ಅಡ್ವಾನ್ಸ್, ಹಾಡು ಮುಗಿದಾಗ ಒಂದು ಪಾಲು, ಆರ್.ಆರ್. ಶುರುವಾಗುವ ಮುಂಚೆ ಒಂದು, ಸ್ಟೆಮ್ ಕೈಗೆ ಕೊಡುವಾಗ ಕೊನೆಯದು. ಫಸ್ಟ್ ಕಾಪಿ ಬಂದ ಮೇಲೆ ಫೋನ್ ಎತ್ತುವವರು ಅಪರೂಪ. ಎಷ್ಟು ಸಲ ತಿದ್ದಿಕೊಡಬೇಕು ಎನ್ನುವುದೂ ಕಾಗದದ ಮೇಲಿರಲಿ.

ಕಾಗದದಲ್ಲಿ ಇನ್ನೊಂದು ಮುಖ್ಯ ವಿಷಯವಿದೆ, ರಾಯಲ್ಟಿ. 1977ರಲ್ಲಿ ಸುಪ್ರೀಂ ಕೋರ್ಟ್ ಒಂದು ತೀರ್ಪು ಕೊಟ್ಟಿತು. ನಿರ್ಮಾಪಕ ದುಡ್ಡು ಕೊಟ್ಟು ಮಾಡಿಸಿದ ಸಂಗೀತದ ಮಾಲೀಕ ನಿರ್ಮಾಪಕನೇ, ಬೇರೆ ಕರಾರು ಇಲ್ಲದಿದ್ದರೆ ಸಂಯೋಜಕನಿಗೆ ಮುಂದೆ ಕೇಳುವ ಹಕ್ಕಿಲ್ಲ ಎಂದು. ಆ ಪೀಠದಲ್ಲಿದ್ದ ನ್ಯಾಯಮೂರ್ತಿ ಕೃಷ್ಣ ಅಯ್ಯರ್ ತೀರ್ಪಿಗೆ ಒಂದು ಟಿಪ್ಪಣಿ ಸೇರಿಸಿ ಕಲಾವಿದರ ಪರ ಮರುಕ ತೋರಿದರು, ಕಾನೂನು ಮಾತ್ರ ಬದಲಾಗಲಿಲ್ಲ. ಬದಲಾಗಲು 35 ವರ್ಷ ಬೇಕಾಯಿತು. 2012ರ ಕೃತಿಸ್ವಾಮ್ಯ ತಿದ್ದುಪಡಿ ಬಂದದ್ದರಲ್ಲಿ ರಾಜ್ಯಸಭೆಯಲ್ಲಿದ್ದ ಜಾವೇದ್ ಅಖ್ತರ್ ಅವರ ಪಾತ್ರ ದೊಡ್ಡದು. ಅದರ ಪ್ರಕಾರ, ಸಂಗೀತವನ್ನು ನಿರ್ಮಾಪಕರಿಗೆ ಬರೆದುಕೊಟ್ಟರೂ ಚಿತ್ರಮಂದಿರದಲ್ಲಿ ಚಿತ್ರದ ಜತೆ ಕೇಳುವುದೊಂದನ್ನು ಬಿಟ್ಟು ಬೇರೆ ಎಲ್ಲ ಬಳಕೆಗೆ ಬರುವ ರಾಯಲ್ಟಿಯಲ್ಲಿ ಸಂಯೋಜಕ ಮತ್ತು ಗೀತಕಾರರಿಗೆ ಸಮಪಾಲು ಕೇಳುವ ಹಕ್ಕಿದೆ. ಟಿ.ವಿ., ಎಫ್.ಎಂ., ಹೋಟೆಲು, ಮೊಬೈಲು ಎಲ್ಲವೂ ಇದರಲ್ಲಿ ಬಂತು. ಈ ಹಕ್ಕನ್ನು ಬಿಟ್ಟುಕೊಡುತ್ತೇನೆ ಎಂದು ನೀವೇ ಸಹಿ ಹಾಕಿದ್ದರೂ ಆ ಸಾಲು ನಿಲ್ಲುವುದಿಲ್ಲ. ಇಂಥ ಸಾಲು ಇರುವ ಕರಾರುಗಳು ಇನ್ನೂ ಓಡಾಡುತ್ತಿವೆ, ಹೆದರಬೇಕಾಗಿಲ್ಲ. ಜತೆಗೆ ಎರಡು ಸಣ್ಣ ವಿಷಯ: ಕರಾರಿನಲ್ಲಿ ಅವಧಿ ಬರೆಯದಿದ್ದರೆ ಐದು ವರ್ಷ ಎಂದೂ, ಪ್ರದೇಶ ಬರೆಯದಿದ್ದರೆ ಭಾರತ ಮಾತ್ರ ಎಂದೂ ಕಾನೂನು ತಿಳಿಯುತ್ತದೆ.

ಹಕ್ಕಿದ್ದರೆ ಹಣ ತಾನಾಗಿ ಮನೆಗೆ ಬರುವುದಿಲ್ಲ. ಅದನ್ನು ವಸೂಲು ಮಾಡುವುದು ಐ.ಪಿ.ಆರ್.ಎಸ್. ಎಂಬ ಸಂಸ್ಥೆ. 1969ರಲ್ಲಿ ಹುಟ್ಟಿ, 2017ರ ನವೆಂಬರ್‌ನಲ್ಲಿ ಹೊಸ ಕಾನೂನಿನಡಿ ಮತ್ತೆ ನೋಂದಣಿಯಾಯಿತು. ಸದಸ್ಯರಾಗಬೇಕು, ಪ್ರತಿ ಕೃತಿಯನ್ನೂ ದಾಖಲಿಸಬೇಕು. ಹಾಡು ದಾಖಲಿಸುವುದನ್ನು ಯಾರೂ ಮರೆಯುವುದಿಲ್ಲ. ಮರೆಯುವುದು ಹಿನ್ನೆಲೆ ಸಂಗೀತವನ್ನು. ಅದಕ್ಕೆ ಕ್ಯೂ ಶೀಟ್ ಎಂಬ ಪಟ್ಟಿ ಬೇಕು: ಯಾವ ರೀಲಿನಲ್ಲಿ, ಎಷ್ಟನೇ ನಿಮಿಷಕ್ಕೆ ಶುರುವಾಗಿ, ಎಷ್ಟು ಸೆಕೆಂಡು, ಯಾರ ಸಂಯೋಜನೆ, ಹಾಡೋ ಬರೀ ವಾದ್ಯವೋ. ಸಾಹಿತ್ಯವಿಲ್ಲದ ಬಿಟ್‌ನಲ್ಲಿ ಪಾಲು ಕೇಳಲು ಗೀತಕಾರರೂ ಇರುವುದಿಲ್ಲ. ಆರ್.ಆರ್. ಮುಗಿದ ದಿನವೇ ಈ ಪಟ್ಟಿ ಮಾಡಿದರೆ ಒಂದು ಮಧ್ಯಾಹ್ನದ ಕೆಲಸ, ಎರಡು ವರ್ಷ ಬಿಟ್ಟು ಮಾಡಹೊರಟರೆ ಪ್ರಾಜೆಕ್ಟ್ ಫೈಲೇ ತೆರೆಯುವುದಿಲ್ಲ. ಯೂಟ್ಯೂಬಿನ ವಿಷಯವೂ ಕರಾರಿನಲ್ಲಿರಲಿ. ‘ಕೆ.ಜಿ.ಎಫ್’ನಂಥ ಚಿತ್ರಗಳ ಹಿನ್ನೆಲೆ ಸಂಗೀತಕ್ಕೇ ಬೇರೆ ಕೇಳುಗರಿದ್ದಾರೆ. ನಿಮ್ಮದೇ ಸಂಗೀತವನ್ನು ನಿಮ್ಮ ಚಾನೆಲ್ಲಿಗೆ ಹಾಕಿದರೆ ಆಡಿಯೊ ಕಂಪನಿಯ ಹಕ್ಕುದಾವೆ ಬಂದು ಕೂರಬಾರದಲ್ಲ. ಕೃತಿಸ್ವಾಮ್ಯ ಬರೆದುಕೊಡುವಾಗಿನ ಜಿ.ಎಸ್.ಟಿ. ಮಾತ್ರ ಸಾಮಾನ್ಯವಾಗಿ ನಿಮ್ಮ ತಲೆಗೆ ಬರುವುದಿಲ್ಲ, ಪಡೆಯುವ ನಿರ್ಮಾಪಕ ಅಥವಾ ಮ್ಯೂಸಿಕ್ ಕಂಪನಿಯೇ ಸರಕಾರಕ್ಕೆ ಕಟ್ಟಬೇಕು.

ಇದೆಲ್ಲ ಎಷ್ಟು ಕಾಲ ನಡೆಯುತ್ತದೆ? ಸಂಗೀತ ಕೃತಿಯ ಹಕ್ಕು ಸಂಯೋಜಕ ತೀರಿಕೊಂಡ ಮರುವರ್ಷದಿಂದ 60 ವರ್ಷ. ಇಬ್ಬರು ಸೇರಿ ಮಾಡಿದ್ದರೆ ಕೊನೆಗೆ ಹೋದವರ ಲೆಕ್ಕ. ರಾಜನ್–ನಾಗೇಂದ್ರ ಜೋಡಿಯಲ್ಲಿ ನಾಗೇಂದ್ರ 2000ದಲ್ಲಿ, ರಾಜನ್ 2020ರಲ್ಲಿ ತೀರಿಕೊಂಡರು. ಹಾಗಾಗಿ ಇಬ್ಬರೂ ಸೇರಿ ರಾಗ ಹಾಕಿದ ಕೃತಿಗಳ ಹಕ್ಕು 2080ರ ಕೊನೆಯವರೆಗೆ ಜೀವಂತ. ಮೂವತ್ತರ ವಯಸ್ಸಿನಲ್ಲಿ ಇಂದು ಒಂದು ಧಾರಾವಾಹಿಗೆ ಬ್ಯಾಂಕ್ ಮಾಡಿಕೊಟ್ಟವರ ಲೆಕ್ಕ ಮೊಮ್ಮಕ್ಕಳ ಕಾಲಕ್ಕೆ ಹೋಗಿ ಮುಟ್ಟುತ್ತದೆ. ಸದಸ್ಯತ್ವದ ಅರ್ಜಿಯಲ್ಲಿ ವಾರಸುದಾರರ ಹೆಸರು ತುಂಬಿ, ಕೃತಿಗಳ ಪಟ್ಟಿಯ ಒಂದು ಪ್ರತಿಯನ್ನು ಮನೆಯಲ್ಲಿ ಇನ್ನೊಬ್ಬರಿಗೆ ಗೊತ್ತಿರುವ ಜಾಗದಲ್ಲಿ ಇಡಿ.